ರವೆಲ್ ಅವರ ಹಾರ್ಪ್ ಕೃತಿಯನ್ನು ಕಾಲಿನಿಂದ ಕಲಿತದ್ದು: ನನ್ನ ಅನುಭವ

ಫ್ರೆಂಚ್ ಸಂಯೋಜಕ ರವೆಲ್ ಅವರು ಹಾರ್ಪ್, ಫ್ಲೂಟ್, ಕ್ಲಾರಿನೆಟ್ ಮತ್ತು ನಾಲ್ಕು ತಂತಿವಾದ್ಯಗಳಿಗೆ ಬರೆದ ‘ಇಂಟ್ರೊಡಕ್ಷನ್ ಮತ್ತು ಅಲೆಗ್ರೊ’ವನ್ನು ಕಂಡಕ್ಟರ್ (ಕೈಸನ್ನೆಯಿಂದ ವಾದಕರನ್ನು ನಡೆಸುವವರು) ಇಲ್ಲದೆ ಏಳೇ ಮಂದಿ ನುಡಿಸೋಣವೆಂದು ಹಾರ್ಪ್ ನುಡಿಸುವ ನಾನು ಹೇಳಿದಾಗ, 1907ರಲ್ಲಿ ಪ್ಯಾರಿಸ್ಸಿನ ಮೊದಲ ಪ್ರದರ್ಶನಕ್ಕೇ ಕಂಡಕ್ಟರ್ ಬೇಕಾಗಿತ್ತಲ್ಲ ಎಂದು ಜೊತೆಗಾರರು ಆಕ್ಷೇಪಿಸಿದರು. ತಂತಿ ಮುಟ್ಟುವ ಮೊದಲು, ಕಾಲಿನಿಂದ ಒತ್ತಿ ತಂತಿಗಳ ಸ್ವರ ಏರಿಳಿಸುವ ಏಳು ಪೆಡಲುಗಳನ್ನಷ್ಟೇ ಕಲಿಯುತ್ತೇನೆ ಎಂಬ ನನ್ನ ಮಾತನ್ನಂತೂ ಯಾರೂ ನಂಬಲಿಲ್ಲ.

ಆದರೆ ಈ ಕೃತಿ ಹುಟ್ಟಿದ್ದೇ ಪೆಡಲಿಗಾಗಿ. ವಾದ್ಯ ತಯಾರಿಸುವ ಪ್ಲೆಯೆಲ್ ಕಂಪನಿ ತನ್ನ ಪೆಡಲ್ ರಹಿತ ಕ್ರೊಮ್ಯಾಟಿಕ್ ಹಾರ್ಪಿಗೆಂದು (ಪ್ರತಿ ಅರ್ಧ ಸ್ವರಕ್ಕೂ ಬೇರೆ ತಂತಿಯಿರುವಂಥದ್ದು) 1904ರಲ್ಲಿ ಸಂಯೋಜಕ ಡೆಬ್ಯುಸಿ ಅವರಿಂದ ಎರಡು ನೃತ್ಯಗಳನ್ನು ಬರೆಸಿತ್ತು; ಪೆಡಲ್ ಹಾರ್ಪಿನ ಸಾಮರ್ಥ್ಯ ತೋರಿಸಲು ಎರಾರ್ ಕಂಪನಿ 1905ರಲ್ಲಿ ರವೆಲ್ ಅವರಿಂದ ಇದನ್ನು ಬರೆಸಿತು. ಪ್ರತಿ ಪೆಡಲಿಗೂ ಒಂದೊಂದು ಸ್ವರದ ಹೆಸರು; ಅವರು ಆರಿಸಿಕೊಂಡ ಜಿ ಫ್ಲ್ಯಾಟ್ ಮೇಜರ್ ಸ್ವರಶ್ರೇಣಿಯಲ್ಲಿ ಎಫ್ ಹೊರತು ಉಳಿದ ಆರೂ ಪೆಡಲುಗಳು ಮೇಲಿನ ಕಚ್ಚಿನಲ್ಲೇ ನಿಲ್ಲುವುದರಿಂದ ಅವುಗಳ ತಂತಿಗಳು ಪೂರ್ಣ ಉದ್ದಕ್ಕೆ ಮಿಡಿಯುತ್ತವೆ.

ಮೊದಲು ಪೆಡಲ್ ಬದಲಾವಣೆಗೆ ಸ್ವರಲಿಪಿಯ ಮೇಲಿನ ಬಣ್ಣದ ಪೆನ್ಸಿಲ್ ಗುರುತುಗಳನ್ನು ನಂಬಿದ್ದೆ. ಕಣ್ಣು ಹಾಳೆಗೆ ಅಂಟಿಕೊಂಡು ಕ್ಲಾರಿನೆಟ್‌ನವರ ಉಸಿರು ಕಾಣಿಸುತ್ತಿರಲಿಲ್ಲ. ಆಮೇಲೆ ಪೆಡಲ್ ಬದಲಾವಣೆಗಳನ್ನಷ್ಟೇ ಬೇರೆ ಹಾಳೆಗಿಳಿಸಿ, ಎಡಗಾಲಿನ ಡಿ, ಸಿ, ಬಿ ಒಂದು ಸಾಲಿನಲ್ಲಿ, ಬಲಗಾಲಿನ ಇ, ಎಫ್, ಜಿ, ಎ ಇನ್ನೊಂದರಲ್ಲಿ ಬರೆದುಕೊಂಡೆ. ಕೈಗಳನ್ನು ತೊಡೆಯ ಮೇಲಿಟ್ಟು, ಫ್ಲೂಟ್ ಭಾಗವನ್ನು ಬಾಯಲ್ಲಿ ಹಾಡಿಕೊಳ್ಳುತ್ತ ಸುಮಾರು ಎರಡು ತಿಂಗಳು ಇದನ್ನೇ ಸಾಧನೆ ಮಾಡಿದೆ. ಪೆಡಲ್ ನಿಧಾನವಾದರೆ ತಂತಿ ಜುಂಯ್ ಎನ್ನುತ್ತದೆ. ಒತ್ತಿ ಬಿಟ್ಟರೆ ದಡಕ್ಕನೆ ಸದ್ದಾಗುತ್ತದೆ. ಸದ್ದಡಗಿಸಲು ಪೆಡಲಿಗೆ ದಪ್ಪ ಫೆಲ್ಟ್ ಬಟ್ಟೆ ಸುತ್ತಿ ನೋಡಿದೆ. ಸದ್ದೇನೋ ಅಡಗಿತು, ಆದರೆ ಪೆಡಲ್ ಕಚ್ಚಿನಲ್ಲಿ ಸರಿಯಾಗಿ ಕೂರದ ಕಾರಣ ತೆಗೆಸಬೇಕಾಯಿತು. ಡೆಬ್ಯುಸಿ ನೃತ್ಯಗಳ ಮೇಲೂ ಇದೇ ಕ್ರಮವನ್ನು ಪ್ರಯೋಗಿಸಿದೆ. ಪೆಡಲಿಗಾಗಿ ಬರೆಯದ ಸಂಗೀತವಾದ್ದರಿಂದ ಅಲ್ಲಿ ಪಾದಕ್ಕೆ ಇನ್ನೂ ಕಷ್ಟ, ಲಾಭವೂ ಹೆಚ್ಚು.

ಖರ್ಚೂ ಇಳಿಯಿತು. ಹಾರ್ಪ್ ಬಾಡಿಗೆ ತಿಂಗಳಿಗೆ 200 ಯೂರೊ ಆಸುಪಾಸು, ಸಾಗಿಸುವ ವ್ಯಾನಿಗೆ ಪ್ರತಿ ಸಲ 100ಕ್ಕೂ ಮೇಲೆ, ಅದರ ಮೇಲೆ ಕಿತ್ತುಹೋಗುವ ಕರುಳಿನ ತಂತಿಗಳು. ತಾಲೀಮಿನ ಕೊಠಡಿಗೂ ಗಂಟೆಯ ಲೆಕ್ಕದಲ್ಲಿ ಹಣ ತೆರಬೇಕು. ನನ್ನ ಪಾದಗಳು ಮೊದಲೇ ಸಿದ್ಧವಾಗಿದ್ದರಿಂದ ಎಲ್ಲರೂ ಕೂಡಿ ಮಾಡಬೇಕಾದ ತಾಲೀಮು ಅಂದಾಜು ಅರ್ಧಕ್ಕಿಳಿಯಿತು.

ಫ್ಲೂಟ್ ಮತ್ತು ಕ್ಲಾರಿನೆಟ್‌ನವರನ್ನು ನನ್ನ ಎದುರಿಗೇ ಕೂರಿಸಿದೆ. ಕಡೆನ್ಸಾ (ಹಾರ್ಪ್ ಒಂಟಿಯಾಗಿ ನುಡಿಸುವ ಭಾಗ) ಮುಗಿದು ಎಲ್ಲರೂ ಮತ್ತೆ ಸೇರುವಲ್ಲಿ ನನ್ನ ಭುಜದ ಸನ್ನೆಯೊಂದೇ ಸಾಕಾಯಿತು. ಹನ್ನೊಂದು ನಿಮಿಷದಲ್ಲಿ ಎಲ್ಲೂ ತಾಳ ಜಾರಲಿಲ್ಲ. ಅತಿ ಹೆಚ್ಚು ಅನುಮಾನಪಟ್ಟಿದ್ದ ಬೇರೊಬ್ಬ ಹಾರ್ಪ್ ವಾದಕರೇ ಆಮೇಲೆ ಬಂದು ಆ ಹಾಳೆಗಳನ್ನು ಕೇಳಿದರು. ಕಡೆನ್ಸಾದ ಪುಟವೊಂದನ್ನು ನನ್ನಲ್ಲೇ ಉಳಿಸಿಕೊಂಡು ಮಿಕ್ಕದ್ದನ್ನು ಸಂತೋಷದಿಂದ ಕೊಟ್ಟೆ.