ಜೋಳದ ಮ್ಯಾಲೆ ನಡಿಯೋ ಎಸ್ಕೇಪ್ ರೂಮ್: ವಿಜಯಪುರದಾಗ ನಾವು ಮಾಡಿದ್ದು

ಎಸ್ಕೇಪ್ ರೂಮ್ ಅಂದ್ರ ಒಂದು ಗುಂಪು ಖೋಲಿಯೊಳಗ ಹೊಕ್ಕು, ಒಗಟು ಬಿಡಿಸಿ ಕೀಲಿ ತಗದು, ಹೊತ್ತು ಮುಗಿಯೋದ್ರೊಳಗ ಹೊರಗ ಬರೋ ಆಟ. ನಮ್ಮ ರೂಮಿನ್ಯಾಗ ಹೋದ ತಿಂಗಳು ಮೂವತ್ತೊಂದೋ ಮೂವತ್ತೆರಡೋ ಬ್ಯಾಚ್ ಆದ್ವು, ಅದಕ್ಕ ಈಗ ಧೈರ್ಯ ಮಾಡಿ ಬರೀಲಿಕತ್ತೀನಿ. ಶುರು ಮಾಡಿದಾಗ ನಮ್ಮ ಸೋದರಮಾವ ಅಂದಿದ್ದ, "ರೊಕ್ಕಾ ಕೊಟ್ಟು ತಮ್ಮನ್ನ ಕೂಡಿ ಹಾಕಿಸ್ಕೊಳ್ಳಾಕ ನಮ್ಮೂರಾಗ ಯಾರು ಬರ್ತಾರಲೇ?" ಅವ ಒಬ್ಬನ ಅಲ್ಲ, ಇದೇ ಧಂದೆ ಮಾಡೋ ಇಬ್ಬರು ಹಳೇ ಮಂದೀನೂ ಹಂಗ ಅಂದ್ರು, ದೊಡ್ಡ ಊರಿನ ಆಟ ಇದು, ಮಾಲ್ ಇಲ್ದ ನಡಿಯಂಗಿಲ್ಲ ಅಂತ. ನಡದೈತಿ.

ಇದರ ಬೀಜ ಬಿದ್ದಿದ್ದು ಬೆಂಗಳೂರಾಗ. ನಾವು ಏಳು ಮಂದಿ ಗೆಳ್ಯಾರು ಒಂದು ಮದುವಿಗೆ ಹೋದಾಗ ಒಂದು ಎಸ್ಕೇಪ್ ರೂಮಿಗೆ ಹೊಕ್ಕಿದ್ವಿ, ಒಬ್ಬೊಬ್ಬರಿಗೆ ಸುಮಾರು ಏಳುನೂರು ರೂಪಾಯಿ. ಜೈಲಿನ ಥೀಮ್, ಸೆಟ್ ಭಾಳ ಚಂದ ಇತ್ತು, ಆದ್ರ ಒಳಗ ಹೋಗಿ ಇಪ್ಪತ್ತು ನಿಮಿಷಕ್ಕ ನಾ ನೋಡಿದ್ದು ಏನಂದ್ರ, ಇಬ್ಬರು ಆಡಾಕತ್ತಾರ, ಉಳಿದ ಐದು ಮಂದಿ ಗ್ವಾಡಿಗೆ ಒರಗಿ ನಿಂತಾರ. ಇಂಗ್ಲಿಷ್‌ದಾಗ ಒಂದು ಉದ್ದನ ಪತ್ರ, ಅದನ್ನ ಓದಾಕ ಒಬ್ಬಗ ಬರ್ತೈತಿ, ಅವನೇ ರಾಜಾ. ಕಡಿಗೆ ಹೊರಗ ಬರಾಕೂ ಆಗ್ಲಿಲ್ಲ, ಕೊನೀ ಕೀಲಿ ಉಳೀತು. ಗೋಲಗುಂಬಜ್ ಎಕ್ಸ್‌ಪ್ರೆಸ್‌ದಾಗ ತಿರುಗಿ ಬರೋವಾಗ ಎಲ್ಲಾರೂ ಮಲಗಿದ್ರು, ನಾನೊಬ್ಬನ ಮ್ಯಾಲಿನ ಬರ್ತ್‌ದಾಗ ಕುಂತು ಯೋಚನಿ ಮಾಡಿದೆ: ಒಳಗ ಬಂದವರದು ಒಬ್ಬರದೂ ಕೈ ಖಾಲಿ ಇರಬಾರದು. ಅಷ್ಟ. ನನ್ನ ರೂಮ್ ಪೂರ್ತಿ ಆ ಒಂದು ಮಾತಿನ ಮ್ಯಾಲೆ ನಿಂತೈತಿ.

ಮೊದಲನೇ ರೂಮ್ ಪೂರಾ ಮುಳುಗಿತು. ಅದರ ಲೆಕ್ಕ ಮೊದಲ ಹೇಳಿಬಿಡ್ತೀನಿ. ಹಳೇ ಮನಿ ಬಾಡಗಿ ತಗೊಂಡ್ವಿ, ಡಿಪಾಸಿಟ್ ಮೂವತ್ತು ಸಾವಿರ, ತಿಂಗಳಿಗೆ ಆರು. ಹಿಂದಿನ ಭಾಗಕ್ಕ ಪತ್ರಾಸ್ ಮಾಳಿಗಿ. ಹೊರಗಿನ ಊರಿನ ಒಬ್ಬ ಡಿಸೈನರ್‌ಗೆ ಇಪ್ಪತ್ತೆರಡು ಸಾವಿರ ಕೊಟ್ಟೆ, ಅವ ಈಜಿಪ್ಟ್ ಪಿರಮಿಡ್ ಥೀಮ್ ಮಾಡಿಕೊಟ್ಟ, ಥರ್ಮಾಕೋಲ್ ಮಮ್ಮಿ, ಬಂಗಾರ ಬಣ್ಣ, ಎಲ್ಲಾ. ಬಾಜೂ ಮನಿ ಅಜ್ಜಿ ಬಂದು ನೋಡಿ "ಮನ್ಯಾಗ ಹೆಣಾ ಯಾಕ ಇಟ್ಟೀರಪ್ಪಾ" ಅಂತ ಕೇಳಿ ಹೋದ್ಲು, ಆಮ್ಯಾಲೆ ಆ ಓಣಿ ಮಂದಿ ತಮ್ಮ ಹುಡುಗ್ರನ್ನ ಕಳಸಲೇ ಇಲ್ಲ. ಕೀಲಿ ಎಲ್ಲಾ ಮೂರು ನಂಬರಿನವು. ಎಂಜಿನಿಯರಿಂಗ್ ಹುಡುಗ್ರ ಬ್ಯಾಚ್ ಒಂದು ಬಂತು, ಸುಳಿವು ಹುಡುಕೋ ಗೋಜಿಗೆ ಹೋಗ್ಲಿಲ್ಲ, ಒಬ್ಬ ನೆಲಕ್ಕ ಕುಂತು 000 ದಿಂದ ತಿರುವಿಕೊಂತ ಹೋದ, ಇರೋದೇ ಸಾವಿರ ಜೋಡಿ, ಹದಿಮೂರು ಹದಿನಾಲ್ಕು ನಿಮಿಷಕ್ಕ ಟಕ್ ಅಂತು. ಅವತ್ತು ನನಗ ನಿದ್ದಿ ಬರ್ಲಿಲ್ಲ.

ಉಳಿದದ್ದನ್ನ ಬ್ಯಾಸಗಿ ನುಂಗಿತು. ಆಯಸ್ಕಾಂತ ಎಲ್ಲಾ ಹಾಟ್ ಗ್ಲೂದಾಗ ಅಂಟಿಸಿದ್ವಿ, ಏಪ್ರಿಲ್‌ದಾಗ ಪತ್ರಾಸ್ ಕೆಳಗ ಅದು ಮೆತ್ತಗಾಗಿ ಒಂದೊಂದಾಗಿ ಉದುರಿದ್ವು. ಅರಾಲ್ಡೈಟ್ ಹಚ್ಚ್ರಿ, ಹಾಟ್ ಗ್ಲೂ ನಮ್ಮ ಕಡೆ ಬ್ಯಾಡ. ಆರ್‌ಎಫ್‌ಐಡಿ ರೀಡರ್‌ನ ಕಬ್ಬಿಣದ ಟ್ರಂಕಿನ ಮುಚ್ಚಳದ ಕೆಳಗ ಇಟ್ಟಿದ್ದೆ, ಸಾಮಾನಿಗೆ ಹಚ್ಚಿದ ಟ್ಯಾಗ್ ಮುಟ್ಟದನ ರೇಡಿಯೋ ಸಿಗ್ನಲ್ ಮ್ಯಾಲೆ ಓದೋ ಯಂತ್ರ ಅದು, ಟ್ಯಾಗ್ ಓದಲೇ ಇಲ್ಲ, ಕಬ್ಬಿಣ ಸಿಗ್ನಲ್ ತಿಂತೈತಿ ಅಂತ ಗೊತ್ತಾಗಾಕ ಎಂಟು ದಿನ ಹೋದ್ವು, ಮುಚ್ಚಳ ಕೊರದು ಪ್ಲೈವುಡ್ ತುಂಡು ಕೂಡಿಸಿದ ಮ್ಯಾಲೆ ನಡೀತು. ಆರು ತಿಂಗಳಿಗೆ ಎಂಬತ್ತೈದು ಸಾವಿರ ಚಿಲ್ಲರ ಹೋಗಿತ್ತು, ಡಿಪಾಸಿಟ್ ಬಿಟ್ಟು. ಇಬ್ಬರು ಪಾರ್ಟನರ್ ಕೈಬಿಟ್ರು. ಅವರ ಮ್ಯಾಲೆ ಸಿಟ್ಟಿಲ್ಲ, ಅವರಿಗೂ ಮನಿ ಮಕ್ಕಳು ಅದಾರ.

ಥೀಮ್ ಬದಲಾಗಿದ್ದು ಒಂದು ಸಂಜೀಕ ಗಂಜ್ ನೋಡ್ಕೊಂತ ನಿಂತಾಗ. ಊರೊಳಗ ಅಲ್ಲಲ್ಲಿ ನಿಂತಾವಲ್ಲ ಚೌಕ ಗೋಪುರಗಳು, ಅವ. ಆದಿಲ್‌ಶಾಹಿ ಕಾಲದಾಗ ತೊರವಿ ಕಡಿಂದ ನೆಲದೊಳಗ ಸುರಂಗ ಕೊರದು ಊರಿಗೆ ನೀರು ತಂದಾರ, ಸುರಂಗ ಬಾವಡಿ ಅಂತೀವಿ, ನಡುನಡುವ ಗಾಳಿಗೆ, ಹೂಳು ತೆಗಿಯಾಕ ಮ್ಯಾಲಿಂದ ಬಾವಿ ತೋಡ್ಯಾರ. ಆಮ್ಯಾಲೆ 1651 ರಾಗ ಮೊಹಮ್ಮದ್ ಆದಿಲ್ ಶಾ ಬೇಗಂ ತಲಾಬ್ ಕಟ್ಟಿಸಿ ಅಲ್ಲಿಂದ ಮಣ್ಣಿನ ಕೊಳವಿ ಹಾಯಿಸಿದ. ಗಂಜ್ ಇರೋದು ಕೊಳವಿಯೊಳಗಿನ ಒತ್ತಡ ಇಳಸಾಕ, ಹೂಳು ಕೆಳಗ ಕುಂತು ತಿಳಿ ನೀರು ಮುಂದ ಹೋಗಾಕ. ಇಷ್ಟು ದೊಡ್ಡ ಯಂತ್ರ ನಮ್ಮ ಕಾಲ ಕೆಳಗ ಇಟ್ಕೊಂಡು ನಾ ಈಜಿಪ್ಟಿನ ಥರ್ಮಾಕೋಲ್ ತಂದಿದ್ದೆ! ಕಥಿ ಅಲ್ಲೇ ಹುಟ್ಟಿತು: ಕೋಟಿಗೆ ಮುತ್ತಿಗಿ ಬಿದ್ದೈತಿ, ಊರಿಗೆ ಬರೋ ನೀರು ನಿಂತೈತಿ, ನೀವು ಆರು ಮಂದಿ ಬಾವಡಿ ಕಾಯೋರು, ಐವತ್ತು ನಿಮಿಷದಾಗ ನಾಲ್ಕೂ ಗಂಜ್ ತುಂಬಿಸಿದ್ರ ಊರು ಉಳಿತೈತಿ. ಚಿಕ್ಕ ಮಕ್ಕಳಿಗೂ ಒಂದ ನಿಮಿಷದಾಗ ತಿಳಿತೈತಿ ಇದು.

ಮೊದಲು ಖರೇ ನೀರ ಹಾಕಿದ್ವಿ. ತೇಲೋ ಬುರುಡಿಗೆ ಆಯಸ್ಕಾಂತ, ಮ್ಯಾಲೆ ಆಯಸ್ಕಾಂತ ಹತ್ರ ಬಂದ್ರ ತಾನ ಹತ್ತೋ ರೀಡ್ ಸ್ವಿಚ್, ನೀರು ಏರಿದ್ರ ಕೀಲಿ ಬಿಡ್ತೈತಿ. ಎರಡು ವಾರ ಚಲೋ ನಡೀತು. ಬೋರ್ ನೀರು ಸವಳು ನೋಡ್ರಿ, ಬುರುಡಿ ಸುತ್ತ ಬಿಳೀ ಉಪ್ಪು ಕಟ್ಟಿ ಅರ್ಧಕ್ಕ ಸಿಕ್ಕೊಳ್ಳಾಕ ಹತ್ತಿತು, ಮಂದಿ ಒಳಗ ಬೆವರು ಸುರಿಸಿ ನೀರು ಹಾಕ್ತಾರ, ಕೀಲಿ ಬಿಡವಲ್ದು, ನಾವು ಹೊರಗಿಂದ ಬಟನ್ ಒತ್ತಿ ಬಿಡಸಬೇಕು. ಜೊತಿಗೆ ನೆಲ ಒದ್ದಿ, ಜಾರಿ ಒಬ್ಬ ಹುಡುಗಿ ಮೊಣಕಾಲು ಕೆತ್ತಿಸಿಕೊಂಡ್ಲು. ನಿಲ್ಲಿಸಿಬಿಟ್ಟೆ.

ನಮ್ಮ ಅವ್ವ ಡಬ್ಬಿಯೊಳಗ ಜೋಳ ಸುರಿಯೋ ಸಪ್ಪಳ ಕೇಳಿದ್ದ ನನಗ ದಾರಿ ಆತು. ಮಳಿ ಸಪ್ಪಳ ಅದು. ಮರುದಿನಾನ ಎಪಿಎಂಸಿಯಿಂದ ಒಂದು ಚೀಲ ಬಿಳಿಜೋಳ ತಂದೆ, ಎರಡು ಸಾವಿರದ ಇನ್ನೂರು ಇರಬೇಕು. ನೀರಿನ ಬದಲಿ ಜೋಳ. ಇದನ್ನ ಕೇಳಿ ನಕ್ಕವರು ಭಾಳ, ಈಗ ಅವರೇ ಫೋನ್ ಮಾಡಿ ಕೇಳ್ತಾರ ಹೆಂಗ ಮಾಡಿದ್ರಿ ಅಂತ.

ನಾಲ್ಕು ಮೂಲಿಯಾಗ ಎತ್ತರಕ್ಕ ನಾಲ್ಕು ಹಗೇವು, ಅಂದ್ರ ಜೋಳ ತುಂಬೋ ಕಣಜ, ಅವುಕ್ಕ ಕಟ್ಟಿಗಿ ಬಾಗಲ. ಅಲ್ಲಿಂದ ಮೂರಿಂಚಿನ ಪಿವಿಸಿ ಪೈಪ್ ನಡುವಿನ ದೊಡ್ಡ ತಕ್ಕಡಿಗೆ. ನಾಲ್ಕೂ ಬಾಗಲ ಕೂಡೇ ತೆರದು ಹಿಡಿಬೇಕು, ಐದನೇವರು ಪೈಪಿನ ಜೋಡಣಿ ಸರಿ ಮಾಡಬೇಕು, ಆರನೇವರು ತಕ್ಕಡಿ ಮುಳ್ಳು ನೋಡಿ ಕೂಗಬೇಕು. ಸುಮಾರು ಆರು ಕಿಲೋ ಬಿದ್ದ ಮ್ಯಾಲೆ ತಕ್ಕಡಿ ಇಳಿತೈತಿ, ಇನ್ನೊಂದು ತುದಿ ಚಿಲಕ ಎತ್ತತೈತಿ. ಕರೆಂಟ್ ಇಲ್ಲ, ಸೆನ್ಸಾರ್ ಇಲ್ಲ. ಒಬ್ಬರು ಕೈಬಿಟ್ರ ತೂಕ ಮುಟ್ಟಂಗಿಲ್ಲ. ಇಳಿಜಾರು ಮಾತ್ರ ಲಕ್ಷ್ಯ ಕೊಡ್ರಿ, ಒಂದಡಿಗೆ ಎಂಟಿಂಚರ ಇರಬೇಕು, ನಾ ಮೊದಲು ಐದಿಂಚು ಕೊಟ್ಟು ಜೋಳ ನಡುವ ನಿಂತು ಪೈಪ್ ಬಡಕೊಂತ ಕುಂತಿದ್ದೆ. ತಕ್ಕಡಿನ ಕೈಲೆ ಒತ್ತೋ ಶಾಣ್ಯಾ ಮಂದಿ ಬರ್ತಾರ, ಅದಕ್ಕ ಸುತ್ತ ಜಾಳಿಗಿ ಹಾಕ್ರಿ. ಬ್ಯಾಚ್ ಮುಗದ ಮ್ಯಾಲೆ ಜೋಳ ತಿರುಗಿ ಮ್ಯಾಲೆ ನಾಲ್ಕೂ ಹಗೇವಿಗೆ ಮೂರೇ ನಿಮಿಷದಾಗ ಹೆಂಗ ಹೋಗ್ತೈತಿ ಅನ್ನೋದನ್ನ ನಾ ಹೇಳಂಗಿಲ್ಲ, ಅದಕ್ಕ ನಾನು ನಮ್ಮ ಬಡಿಗೇರ ಕಾಕಾ ಎರಡು ತಿಂಗಳು ಕುಂತೀವಿ.

ಜೋಳದ ತ್ರಾಸೂ ಹೇಳಬೇಕು. ನುಸಿ ಬಂತು. ಇಲಿ ಬಂತು, ಲೈಟಿನ ವೈರ್ ಕಡೀತು. ಬೇವಿನ ಎಲಿ ಒಣಗಿಸಿ ಹಾಕಿದ್ವಿ, ನುಸಿ ಕಡಿಮಿ ಆತು ಆದ್ರ ಎಲಿ ಪುಡಿಯಾಗಿ ಪೈಪ್ ಕಟ್ಟಿತು, ಈಗ ಬಟ್ಟಿಯಾಗ ಗಂಟು ಕಟ್ಟಿ ಇಡ್ತೀವಿ. ನಡುವ ಒಮ್ಮಿ ಪ್ಲಾಸ್ಟಿಕ್ ಮಣಿ ಹಾಕಿ ನೋಡಿದೆ, ಹುಳದ ಕಾಟ ಇಲ್ಲ ಖರೆ, ಸಪ್ಪಳ ಮಾತ್ರ ಡಬ್ಬಿ ಅಲ್ಲಾಡಿಸಿದಂಗ, ಮುಟ್ಟಿದ್ರ ಜೀವ ಇಲ್ಲ. ಸಜ್ಜಿ ಹಾಕಿದ್ರ ಸಂದಿ ಸಂದ್ಯಾಗ ಸೋರ್ತು. ಗೋವಿನಜೋಳ ದಪ್ಪ, ಬಾಗಲದಾಗ ಸಿಕ್ಕೊಂತೈತಿ. ತಿರುಗಿ ಬಿಳಿಜೋಳಕ್ಕ ಬಂದೆ. ಇಪ್ಪತ್ತು ದಿನಕ್ಕೊಮ್ಮಿ ಬದಲಿ ಮಾಡ್ತೀವಿ, ಹಳೇದು ಪರಿಚಯದ ಒಬ್ಬರ ಕೋಳಿಗೆ ಹೋಗ್ತೈತಿ, ಒಂದು ಕಾಳೂ ಚೆಲ್ಲಂಗಿಲ್ಲ. ಅನ್ನ ಅದು, ಆಟಕ್ಕ ತಂದೀವಿ ಅಂತ ಕಾಲಾಗ ತುಳಿಬಾರದು, ಅದಕ್ಕ ಒಳಗ ಚಪ್ಪಲಿ ಬಿಡಸ್ತೀವಿ.

ನನಗ ಭಾಳ ಹೆಮ್ಮಿ ಇರೋದು ಹಸನ ಮಾಡೋ ಒಗಟಿನ ಮ್ಯಾಲೆ. ಗಂಜ್‌ದಾಗ ಹೂಳು ಕೆಳಗ ಕುಂದರ್ತೈತಲ್ಲ, ಅದರಿಂದ ಬಂದದ್ದು. ಎರಡು ಸೇರು ಜೋಳದಾಗ ಕಡ್ಲಿ ಗಾತ್ರದ ಇಪ್ಪತ್ತು ಕಬ್ಬಿಣದ ಗುಂಡು ಕಲಸಿ, ಬಾಜೂಕ ಕಾಳು ಕೇರೋ ಒಂದು ಮರ ಇಟ್ಟೀವಿ. ಏನೂ ಬರದಿಲ್ಲ. ಕಾಲೇಜ್ ಹುಡುಗ್ರು ಒಂದೊಂದ ಆರಿಸ್ಕೊಂತ ಹತ್ತು ನಿಮಿಷ ಕಳೀತಾರ, ಮರ ಇರೋದು ಶೃಂಗಾರಕ್ಕ ಅಂತ ತಿಳಿತಾರ. ಸಿಂದಗಿ ಕಡಿಂದ ಒಂದು ಕುಟುಂಬ ಬಂದಿತ್ತು, ಅಜ್ಜಿ, ಸೊಸಿ, ಮೊಮ್ಮಕ್ಕಳು. ಅಜ್ಜಿ ಮರ ನೋಡಿದಾಕಿನ ಕುಂತು ನಾಲ್ಕು ಸಲ ಕೇರಿದ್ಲು, ಗುಂಡೆಲ್ಲಾ ಹಿಂದ ಸರದು ಒಂದ ಕಡೆ ಕೂಡಿದ್ವು. ಒಂದು ನಿಮಿಷ ಹಿಡೀಲಿಲ್ಲ. ಅವರು ಹೊರಗ ಬಂದಿದ್ದು ಮೂವತ್ತೊಂದು ನಿಮಿಷಕ್ಕ, ಇವತ್ತಿಗೂ ಅದ ದಾಖಲಿ. ಬೆಂಗಳೂರಿಂದ ಬಂದ ಸಾಫ್ಟ್‌ವೇರ್ ಮಂದಿ ಮೂರು ಸಲ ಪ್ರಯತ್ನ ಮಾಡ್ಯಾರ, ಮುರೀಲಿಕ್ಕೆ ಆಗಿಲ್ಲ.

ಹಿಂಟ್ ಕೊಡೋದಕ್ಕ ಸ್ಕ್ರೀನ್ ಇಲ್ಲ, ವಾಕಿಟಾಕಿ ಇಲ್ಲ. ಗೋಲಗುಂಬಜದ ಪಿಸುಗ್ಯಾಲರಿ ನೋಡಿ ಬೆಳದವರು ನಾವು. ಗ್ವಾಡಿಯೊಳಗ ಎರಡಿಂಚಿನ ಪೈಪ್ ನಲವತ್ತಡಿ ಎಳದೀನಿ, ನಾ ಹೊರಗ ಕುಂತು ಮೆಲ್ಲಕ ಅಂದ್ರ ಒಳಗ ಬಾವಡಿ ಬಾಯಿಯಿಂದ ಕೇಳಿಸ್ತೈತಿ. ಕೇಳಬೇಕಂದ್ರ ಆರೂ ಮಂದಿ ಸುಮ್ಮನಾಗಬೇಕು, ಅದ ಅದರ ಚಂದ. ಫ್ಯಾನ್ ಸಪ್ಪಳಕ್ಕ ಮೊದಲು ಏನೂ ಕೇಳಸ್ತಿದ್ದಿಲ್ಲ, ಮೊಣಕೈ ತಿರುವು ತಗದು ಉದ್ದನ ತಿರುವು ಹಾಕಿದೆ, ಬಾಯಿಗೆ ಇನ್ನೊಂದು ಹಚ್ಚೀನಿ. ಆ ಇನ್ನೊಂದು ಏನು ಅಂತ ಕೇಳಬ್ಯಾಡ್ರಿ.

ಒಂದು ವಿಷಯದಾಗ ಮಾತ್ರ ನಾ ಯಾರ ಮಾತೂ ಕೇಳಂಗಿಲ್ಲ. ಹೊರಗಿನ ಬಾಗಲಕ್ಕ ಕೀಲಿ ಹಾಕಂಗಿಲ್ಲ. 2019 ರ ಜನವರಿಯಾಗ ಪೋಲೆಂಡಿನ ಕೊಶಾಲಿನ್ ಊರಾಗ ಎಸ್ಕೇಪ್ ರೂಮಿಗೆ ಬೆಂಕಿ ಹತ್ತಿ ಹದಿನೈದು ವರ್ಷದ ಐದು ಹುಡುಗ್ಯಾರು ಸತ್ರು, ಹುಟ್ಟುಹಬ್ಬಕ್ಕ ಅಂತ ಆಡಾಕ ಬಂದವರು. 2024 ರಾಗ ರಾಜಕೋಟದ ಗೇಮ್ ಝೋನ್ ಬೆಂಕಿ ನಾವೆಲ್ಲಾ ಟಿವಿಯಾಗ ನೋಡೀವಿ. ಹಿಂಗಾಗಿ ಒಳಗಿನ ಬಾಗಲಕ್ಕ ಹನ್ನೆರಡು ವೋಲ್ಟಿನ ಮ್ಯಾಗ್ನೆಟಿಕ್ ಲಾಕ್, ಕರೆಂಟ್ ಹೋತಂದ್ರ ತಾನ ಬಿಡ್ತೈತಿ, ಬಾಜೂಕ ಕೆಂಪು ಬಟನ್, ಒತ್ತಿದ್ರ ಲೈನ್ ಕಟ್. ಕರೆಂಟ್ ಹೋದಾಗ ಆಟ ಕೆಡ್ತೈತಿ, ಬ್ಯಾಟರಿ ಹಾಕಿ ಲಾಕ್ ಹಿಡಿಸು ಅಂತ ಒಬ್ಬ ಗೆಳ್ಯಾ ಅಂದ. ಆಗಂಗಿಲ್ಲ ಅಂದೆ. ಲೈಟಿಗೆ ಅಷ್ಟ ಬ್ಯಾಟರಿ. ಆಟ ಕೆಟ್ರ ರೊಕ್ಕಾ ತಿರುಗಿ ಕೊಡ್ತೀನಿ, ಇಲ್ಲೀತನಕ ನಾಲ್ಕೈದು ಸಲ ಕೊಟ್ಟೀನಿ.

ಈಗಿನ ಲೆಕ್ಕ: ತಲಿಗೆ ಇನ್ನೂರು, ಆರು ಮಂದಿಗೆ ಒಂದು ಬ್ಯಾಚ್, ಅದಕ್ಕಿಂತ ಹೆಚ್ಚು ಬಿಡಂಗಿಲ್ಲ. ಬಾಡಗಿ ಆರು, ಸಂಬಾಳ ಎಂಟು, ಕರೆಂಟು ಜೋಳ ರಿಪೇರಿ ಕೂಡಿ ಮೂರು ನಾಲ್ಕು ಸಾವಿರ. ಕೈಯಾಗ ಹದಿನೆಂಟು ಇಪ್ಪತ್ತು ಸಾವಿರ ಉಳಿತೈತಿ, ಪರೀಕ್ಷಾ ತಿಂಗಳದಾಗ ಅರ್ಧ. ಎರಡನೇ ರೂಮಿಗೆ ಹತ್ತಿದ್ದು ನಲವತ್ತು ಸಾವಿರ ಅಷ್ಟ, ಮೊದಲಿನದರ ಅರ್ಧಾನೂ ಇಲ್ಲ. ಮೊದಲಿನ ಪಿರಮಿಡ್ ರೂಮಿಂದೂ ಕೂಡಿ ಎಲ್ಲಾ ಸಾಲ ಹತ್ತು ಹನ್ನೊಂದು ತಿಂಗಳದಾಗ ಮುಟ್ಟಿತು.

ಬಾಗಲಕೋಟ್ಯಾಗ ಒಂದು ತೆಗಿ, ಜಾಗಾ ಕೊಡ್ತೀನಿ, ಮುಳುಗಡಿ ಥೀಮ್ ಮಾಡೋಣು ಅಂತ ಒಬ್ಬರು ಕೇಳ್ಯಾರ. ಆಲಮಟ್ಟಿ ಹಿನ್ನೀರು ಏರ್ತೈತಿ, ಮನಿ ಸಾಮಾನು ತಗೊಂಡು ಹೊರಗ ಬರಬೇಕು ಅಂತ. ಆಟ ಭರ್ಜರಿ ಆಗ್ತೈತಿ, ನನಗ ಗೊತ್ತು. ಆದ್ರ ನಮ್ಮ ಅತ್ತಿ ಮನಿ ಅದ ನೀರಾಗ ಹೋಗೈತಿ, ಮುಳುಗಡಿ ಮಂದಿಗೆ ಕಟ್ಟಿದ ನವನಗರಕ್ಕ ಬಂದ ಮ್ಯಾಲೂ ಆಕಿ ಹಳೇ ಮನಿ ಕೀಲಿಕೈ ಸೆರಗಿನ ತುದೀಗೆ ಕಟ್ಕೊಂಡ ತಿರಗತಿದ್ಲು. ಆ ಥೀಮ್ ನಾ ಮಾಡಂಗಿಲ್ಲ ಅಂತ ಹೇಳಿ ಕಳಿಸೀನಿ. ನೇಕಾರ್ರದು ಮಾಡೋಣು, ಇಳಕಲ್ ಸೀರಿ ತೋಪ್ ತೆನಿ, ಸೆರಗಿನ ಎಳಿ ಒಡಲಿನ ಎಳಿಗೆ ಒಂದೊಂದ ಕೊಂಡಿ ಹಾಕಿ ಕೂಡಸ್ತಾರಲ್ಲ, ಆರು ಮಂದಿ ಕೈಗೂ ಅದರಾಗ ಕೆಲಸ ಐತಿ. ಹಳೇ ಕೈಮಗ್ಗ ಒಂದು ನೋಡಿಟ್ಟೀನಿ, ಹನ್ನೆರಡು ಸಾವಿರ ಹೇಳ್ಯಾರ, ಒಂಬತ್ತಕ್ಕ ಕೊಟ್ರ ಮುಂದಿನ ವಾರ ತರ್ತೀನಿ.