ಹುಡುಕುವುದನ್ನು ಕಲಿಸುವುದು ಹೇಗೆ? ಪ್ರೌಢಶಾಲಾ ಮಕ್ಕಳಿಗೆ ಗ್ರಂಥಾಲಯ ಮತ್ತು ಸಂಶೋಧನೆಯ ಮೊದಲ ಪಾಠಗಳು

ಗ್ರಂಥಾಲಯದ ಪರಿಚಯವೆಂದರೆ ಶಾಲೆ ಶುರುವಾದ ಹೊಸದರಲ್ಲಿ ಮಕ್ಕಳನ್ನು ಸಾಲಾಗಿ ಕರೆದೊಯ್ದು, ಕಪಾಟುಗಳನ್ನು ತೋರಿಸಿ, ಸದ್ದು ಮಾಡಬಾರದೆಂದು ಎಚ್ಚರಿಸಿ ಮರಳಿ ಕರೆತರುವುದು ಎಂಬ ರೂಢಿ ಹಲವು ಕಡೆ ಇದೆ. ಇದರಿಂದ ಆಗುವ ಪ್ರಯೋಜನ ಅಲ್ಪ. ಏನನ್ನೂ ಹುಡುಕಬೇಕಾಗಿಲ್ಲದವರಿಗೆ ಹುಡುಕುವ ದಾರಿ ಹೇಳಿದರೆ ಅದು ಮರುದಿನಕ್ಕೂ ನೆನಪಿರುವುದಿಲ್ಲ. ಆದ್ದರಿಂದ ವಿಷಯ ಶಿಕ್ಷಕರೂ ಗ್ರಂಥಪಾಲಕರೂ ಒಟ್ಟಿಗೆ ಕುಳಿತು, ಮಕ್ಕಳು ಹೇಗಿದ್ದರೂ ಮಾಡಲೇಬೇಕಾದ ಒಂದು ಪ್ರಾಜೆಕ್ಟನ್ನು ಆರಿಸಿಕೊಂಡು, ಅದರ ನಡುನಡುವೆಯೇ ಒಂದೊಂದು ಕೌಶಲವನ್ನು ಕಲಿಸುವುದು ಒಳ್ಳೆಯದು. ಇಲ್ಲಿ ಜೇನುನೊಣದ ಕುರಿತ ಪ್ರಾಜೆಕ್ಟನ್ನು ಉದಾಹರಣೆಯಾಗಿ ಇಟ್ಟುಕೊಳ್ಳೋಣ.

ಮೊದಲು ಪ್ರಶ್ನೆ

‘ಜೇನುನೊಣ’ ಎಂಬುದು ವಿಷಯವೇ ಹೊರತು ಪ್ರಶ್ನೆಯಲ್ಲ. ಬರೀ ವಿಷಯವನ್ನು ಕೊಟ್ಟು ಕಳುಹಿಸಿದರೆ ವಿದ್ಯಾರ್ಥಿ ಎಲ್ಲಿಂದಲೋ ನಾಲ್ಕು ಪುಟ ನಕಲು ಮಾಡಿ, ಒಂದು ಚಿತ್ರ ಅಂಟಿಸಿ ತರುತ್ತಾನೆ. ಅದು ಅವನ ಸೋಮಾರಿತನಕ್ಕಿಂತ ಹೆಚ್ಚಾಗಿ ನಾವು ಕೊಟ್ಟ ಕೆಲಸದ ದೋಷ. ಪ್ರಶ್ನೆ ಹುಟ್ಟಬೇಕಾದರೆ ವಿಷಯದ ಬಗ್ಗೆ ಒಂದಿಷ್ಟಾದರೂ ತಿಳಿದಿರಬೇಕು. ಹಾಗಾಗಿ ಮೊದಲ ಅವಧಿಯನ್ನು ವಿಶ್ವಕೋಶ ಓದುವುದಕ್ಕೇ ಬಿಡಬೇಕು. ವಿಕಿಪೀಡಿಯವನ್ನು ಈ ಹಂತದಲ್ಲಿ ದೂರವಿಡುವ ಅಗತ್ಯವಿಲ್ಲ. ಅದನ್ನು ಕೊನೆಯ ಆಧಾರವಾಗಿ ತೋರಿಸಬಾರದು, ಅಷ್ಟೇ.

ಓದಿದ ಮೇಲೆ ಪ್ರತಿಯೊಬ್ಬರೂ ಐದಾರು ಪ್ರಶ್ನೆಗಳನ್ನು ಬರೆಯಲಿ. ಬಳಿಕ ಅವನ್ನು ಜೊತೆಯವರ ಮುಂದೆ ಓದಿ ಸೋಸಬೇಕು. ‘ಜೇನುನೊಣಕ್ಕೆ ಎಷ್ಟು ಕಾಲು?’ ಎಂಬುದಕ್ಕೆ ಒಂದೇ ಪದದ ಉತ್ತರವಿದೆ, ಅದನ್ನು ಬಿಡಬೇಕು. ‘ಜೇನುನೊಣಗಳಿಂದ ಜಗತ್ತಿಗೆ ಏನು ಉಪಯೋಗ?’ ಎಂಬುದು ಎಷ್ಟು ಬರೆದರೂ ಮುಗಿಯದು, ಅದನ್ನು ಕಿರಿದುಗೊಳಿಸಬೇಕು. ‘ಹೂವಿರುವ ಜಾಗವನ್ನು ಒಂದು ನೊಣ ಗೂಡಿನ ಇತರ ನೊಣಗಳಿಗೆ ಹೇಗೆ ತಿಳಿಸುತ್ತದೆ?’ ಎಂಬುದು ಹದವಾದ ಪ್ರಶ್ನೆ. ಇದನ್ನು ಹಿಡಿದು ಹೊರಟವರಿಗೆ ನೊಣಗಳ ಕುಣಿತವನ್ನು ವಿವರಿಸಿ 1973ರಲ್ಲಿ ನೊಬೆಲ್ ಪ್ರಶಸ್ತಿಯಲ್ಲಿ ಪಾಲು ಪಡೆದ ಕಾರ್ಲ್ ಫಾನ್ ಫ್ರಿಶ್ ಸಿಗುತ್ತಾರೆ. ಕುಣಿಯುವ ದಿಕ್ಕು ಸೂರ್ಯನಿಗೆ ಹೋಲಿಸಿದಂತೆ ಹೂವಿನ ದಿಕ್ಕನ್ನೂ, ಮೈ ಅಲುಗಿಸುತ್ತ ಸಾಗುವ ಅವಧಿ ದೂರವನ್ನೂ ಸೂಚಿಸುತ್ತದೆ ಎಂಬುದು ತಿಳಿಯುತ್ತದೆ. ಹಾಗಾದರೆ ಮೋಡ ಕವಿದ ದಿನ ಏನು ಮಾಡುತ್ತವೆ ಎಂದು ಮಗು ತಾನಾಗಿಯೇ ಕೇಳಿದರೆ ಶಿಕ್ಷಕರ ಅರ್ಧ ಕೆಲಸ ಮುಗಿದಂತೆ. ಈ ಸೋಸುವ ಹಂತಕ್ಕೆ ಎರಡು ಅವಧಿ ಹಿಡಿದರೂ ಅದನ್ನು ದಂಡವೆಂದು ಭಾವಿಸಬಾರದು.

ಪದಗಳ ಪಟ್ಟಿ

ಪ್ರಶ್ನೆಯಲ್ಲಿರುವ ಪದಗಳಿಂದಲೇ ಹುಡುಕಿದರೆ ಸಾಲದು. ವಿಶ್ವಕೋಶದಲ್ಲಿ ಕಂಡ ಪಾರಿಭಾಷಿಕ ಪದಗಳು, ವೈಜ್ಞಾನಿಕ ಹೆಸರು, ಇಂಗ್ಲಿಷ್ ರೂಪ ಎಲ್ಲವನ್ನೂ ಪಟ್ಟಿ ಮಾಡಿಸಬೇಕು: ಏಪಿಸ್, ಕೀಟಗಳ ವರ್ತನೆ, ಪ್ರಾಣಿಗಳ ಸಂವಹನ ಇತ್ಯಾದಿ. ಅಂತರ್ಜಾಲದಲ್ಲಿ ಹುಡುಕುವಾಗ ಪದಗುಚ್ಛವನ್ನು ಉದ್ಧರಣ ಚಿಹ್ನೆಯೊಳಗೆ ಇಟ್ಟರೆ ಆ ಪದಗಳು ಅದೇ ಕ್ರಮದಲ್ಲಿರುವ ಪುಟಗಳು ಸಿಗುತ್ತವೆ, ಬೇಡದ ಪದದ ಮೊದಲ ಅಕ್ಷರಕ್ಕೆ ಮುಂಚೆ, ಜಾಗ ಬಿಡದೆ, ಕಳೆಯುವ ಚಿಹ್ನೆ ಹಾಕಿದರೆ ಅದಿರುವ ಪುಟಗಳು ಬದಿಗೆ ಸರಿಯುತ್ತವೆ ಎಂಬುದನ್ನು ಮಾಡಿ ತೋರಿಸಿದರೆ ಸಾಕು.

ಕಪಾಟಿನ ಮುಂದೆ

ಪುಸ್ತಕಗಳಿಗೆ ವಿಷಯವಾರು ಸಂಖ್ಯೆ ಕೊಟ್ಟು ಜೋಡಿಸಲು ಬಹಳಷ್ಟು ಗ್ರಂಥಾಲಯಗಳು ಮೆಲ್ವಿಲ್ ಡ್ಯೂಯಿ 1876ರಲ್ಲಿ ಪ್ರಕಟಿಸಿದ ದಶಮಾಂಶ ವರ್ಗೀಕರಣವನ್ನು ಬಳಸುತ್ತವೆ, ಎಸ್.ಆರ್. ರಂಗನಾಥನ್ ಅವರ 1933ರ ಕೋಲನ್ ವರ್ಗೀಕರಣವನ್ನು ಅನುಸರಿಸುವವೂ ಇವೆ. ಮಕ್ಕಳಿಂದ ಡ್ಯೂಯಿ ಪದ್ಧತಿಯ ಹತ್ತು ಮುಖ್ಯ ವರ್ಗಗಳನ್ನು ಬಾಯಿಪಾಠ ಮಾಡಿಸುವುದು ವ್ಯರ್ಥ. ಅದರ ಬದಲು ಒಂದೇ ವಿಷಯದ ಪುಸ್ತಕಗಳು ಎರಡು ಕಡೆ ಏಕೆ ಇರುತ್ತವೆ ಎಂದು ಕೇಳಬೇಕು. ಡ್ಯೂಯಿ ಪದ್ಧತಿಯಲ್ಲಿ ಜೇನುನೊಣವೆಂಬ ಕೀಟ 595.799ರಲ್ಲಿ, ಪ್ರಾಣಿಗಳ ಸಾಲಿನಲ್ಲಿದೆ, ಜೇನುಸಾಕಣೆ 638.1ರಲ್ಲಿ, ಕೃಷಿಯ ಸಾಲಿನಲ್ಲಿದೆ. ಕುಣಿತದ ಬಗ್ಗೆ ಕೇಳುವವರು ಮೊದಲು ಯಾವ ಕಡೆ ಹೋಗಬೇಕೆಂಬುದನ್ನು ಅವರೇ ಯೋಚಿಸಿ ಹೇಳಲಿ.

ಇಲ್ಲಿ ಮಕ್ಕಳು ಎಡವುವ ಜಾಗ ಒಂದಿದೆ. ಹದಿನಾಲ್ಕು ಎರಡಕ್ಕಿಂತ ದೊಡ್ಡದಲ್ಲವೇ ಎಂದುಕೊಂಡು ಅವರು 638.14ನ್ನು ರೇಷ್ಮೆ ಸಾಕಣೆಯ 638.2ರ ಆಚೆಗೆ ಹುಡುಕುತ್ತಾರೆ, ಸಿಗದಿದ್ದಾಗ ಪುಸ್ತಕವೇ ಇಲ್ಲವೆಂದು ಹೊರಟುಬಿಡುತ್ತಾರೆ. ಬಿಂದುವಿನ ನಂತರದ ಅಂಕಿಗಳನ್ನು ಒಂದೊಂದಾಗಿ ಹೋಲಿಸಬೇಕೆಂದು ತಿಳಿಸಿ, ಹತ್ತು ಚೀಟಿಗಳ ಮೇಲೆ ಸಂಖ್ಯೆಗಳನ್ನು ಬರೆದು ಕ್ರಮವಾಗಿ ಜೋಡಿಸಲು ಕೊಟ್ಟರೆ ಗೊಂದಲ ಹತ್ತು ನಿಮಿಷದಲ್ಲಿ ನೀಗುತ್ತದೆ.

ಪುಸ್ತಕ ಕೈಗೆ ಬಂದ ಮೇಲೆ ಮೊದಲ ಪುಟದಿಂದ ಓದಬೇಕಾಗಿಲ್ಲ. ಮುಂದಿನ ಪರಿವಿಡಿ, ಹಿಂದಿನ ಪದಸೂಚಿ, ಶೀರ್ಷಿಕೆ ಪುಟದ ಬೆನ್ನಿಗಿರುವ ಪ್ರಕಟಣೆಯ ವರ್ಷ, ಇಷ್ಟನ್ನು ನೋಡಿ ಇಟ್ಟುಕೊಳ್ಳಬೇಕೋ ಬಿಡಬೇಕೋ ಎಂದು ನಿರ್ಧರಿಸುವುದನ್ನು ಅಭ್ಯಾಸ ಮಾಡಿಸಬೇಕು.

ನಂಬುವ ಮುನ್ನ

ಆಧಾರಗಳನ್ನು ತೂಗಿ ನೋಡುವುದನ್ನು ನಿಯಮಗಳ ಪಟ್ಟಿಯಿಂದ ಕಲಿಸಲಾಗದು. ಒಂದು ಹುಸಿ ಮಾತನ್ನು ಕೈಗೆ ಕೊಟ್ಟು ಅದರ ಜಾಡು ಹಿಡಿಯಲು ಬಿಡಬೇಕು. ‘ಜೇನುನೊಣಗಳು ಅಳಿದರೆ ಮನುಷ್ಯನಿಗೆ ಉಳಿಯುವುದು ನಾಲ್ಕೇ ವರ್ಷ’ ಎಂಬ ಮಾತು ಐನ್‌ಸ್ಟೈನ್ ಅವರ ಹೆಸರಿನಲ್ಲಿ ಎಲ್ಲೆಡೆ ಓಡಾಡುತ್ತಿದೆ. ಇದನ್ನು ಅವರು ಯಾವ ಬರಹದಲ್ಲಿ, ಯಾವ ವರ್ಷ ಹೇಳಿದರು ಎಂದು ಕೇಳಿದರೆ ತರಗತಿ ಹುಡುಕಾಟಕ್ಕೆ ಇಳಿಯುತ್ತದೆ. ಎಷ್ಟೋ ಪುಟಗಳು ಸಿಗುತ್ತವೆ, ಎಲ್ಲವೂ ಒಂದನ್ನೊಂದು ನಕಲು ಮಾಡಿದವು, ಯಾವುದರಲ್ಲೂ ಮೂಲವಿಲ್ಲ. ಐನ್‌ಸ್ಟೈನ್ ತೀರಿಕೊಂಡದ್ದು 1955ರಲ್ಲಿ; ಅವರ ಬರಹಗಳಲ್ಲಿ ಈ ಮಾತು ಪತ್ತೆಯಾಗಿಲ್ಲ. ಮಾತಿನ ಹುರುಳನ್ನೂ ಪರೀಕ್ಷಿಸಬಹುದು: ಗೋಧಿ, ಮೆಕ್ಕೆಜೋಳಗಳಿಗೆ ಪರಾಗಸ್ಪರ್ಶವಾಗುವುದು ಜೇನುನೊಣಗಳನ್ನು ನೆಚ್ಚಿಕೊಂಡಲ್ಲ. ಹೆಚ್ಚು ಕಡೆ ಕಂಡದ್ದೆಲ್ಲ ನಿಜವಲ್ಲ ಎಂಬುದನ್ನು ಇದಕ್ಕಿಂತ ಚೆನ್ನಾಗಿ ತೋರಿಸುವ ಪಾಠ ಸಿಗುವುದು ಕಷ್ಟ.

ಯಾವುದೇ ಜಾಲತಾಣವನ್ನು ನೋಡುವಾಗ ಅದರೊಳಗೇ ಕೂತು ಅಂದಚೆಂದ ನೋಡದೆ, ಹೊರಬಂದು ಆ ತಾಣದ ಬಗ್ಗೆ ಬೇರೆಯವರು ಏನು ಹೇಳುತ್ತಾರೆಂದು ಹುಡುಕುವುದೂ ಇದೇ ಅಭ್ಯಾಸದ ಭಾಗ. ಕೃತಕ ಬುದ್ಧಿಮತ್ತೆಯ ಚಾಟ್‌ಬಾಟ್‌ಗಳು ಇಲ್ಲದ ಪುಸ್ತಕಗಳ ಹೆಸರನ್ನೂ ಇದ್ದಂತೆಯೇ ಹೇಳಬಲ್ಲವಾದ್ದರಿಂದ, ಅವು ಸೂಚಿಸಿದ ಪ್ರತಿಯೊಂದು ಪುಸ್ತಕವನ್ನೂ ಗ್ರಂಥಾಲಯದ ಸೂಚಿಯಲ್ಲಿ ಹುಡುಕಿ ಖಚಿತಪಡಿಸಿಕೊಳ್ಳಬೇಕೆಂಬ ಷರತ್ತು ಇರಲಿ.

ಟಿಪ್ಪಣಿ ಮತ್ತು ಅಂಕ

ಒಂದು ಚೀಟಿಗೆ ಒಂದೇ ಸಂಗತಿ. ಮೇಲ್ಭಾಗದಲ್ಲಿ ಲೇಖಕರು, ಪುಸ್ತಕ, ವರ್ಷ, ಪುಟ ಸಂಖ್ಯೆ, ಕೆಳಗೆ ಸಂಗತಿ, ಬೆನ್ನಿಗೆ ಅದರ ಬಗ್ಗೆ ವಿದ್ಯಾರ್ಥಿಯ ಸ್ವಂತ ಅನುಮಾನ ಅಥವಾ ಅಭಿಪ್ರಾಯ. ಪುಸ್ತಕವನ್ನು ಮುಚ್ಚಿ ಬರೆಯಬೇಕು, ಆಮೇಲೆ ತೆರೆದು ತಾಳೆ ನೋಡಬೇಕು. ಲೇಖಕರ ಮಾತನ್ನೇ ಇಟ್ಟುಕೊಂಡರೆ ಉದ್ಧರಣ ಚಿಹ್ನೆ ಕಡ್ಡಾಯ. ಕೃತಿಚೌರ್ಯದ ಬಗ್ಗೆ ಉಪನ್ಯಾಸ ಮಾಡುವುದಕ್ಕಿಂತ ಈ ಒಂದು ರೂಢಿ ಹೆಚ್ಚು ಕೆಲಸ ಮಾಡುತ್ತದೆ.

ಅಂಕ ಕೊಡುವಾಗ ಚೆಂದದ ರಟ್ಟು ಹಾಕಿದ ಕಡತಕ್ಕೆ ಮರುಳಾಗದೆ, ಕನಿಷ್ಠ ಅರ್ಧದಷ್ಟು ಅಂಕಗಳನ್ನು ಪ್ರಶ್ನೆ ಬದಲಾದ ಬಗೆ, ಪದಪಟ್ಟಿ ಮತ್ತು ಚೀಟಿಗಳಿಗೆ ಮೀಸಲಿಡಬೇಕು. ಮೌಲ್ಯಮಾಪನವನ್ನು ಗ್ರಂಥಾಲಯದಲ್ಲೇ ನಡೆಸಿದರೆ ಇನ್ನೂ ಅನುಕೂಲ: ವಿದ್ಯಾರ್ಥಿಯ ಚೀಟಿಗಳಲ್ಲಿ ಯಾವುದಾದರೂ ಒಂದನ್ನು ಎತ್ತಿ, ಆ ಪುಸ್ತಕವನ್ನು ಕಪಾಟಿನಿಂದ ತಂದು ಪುಟ ತೋರಿಸಲು ಹೇಳಬಹುದು. ಒಬ್ಬೊಬ್ಬರಿಗೆ ಐದು ನಿಮಿಷ ಸಾಕು.