ಹಡಗಿನ ತುಂಬ ಕಣಿ ಹೇಳುವವರು: ನನ್ನ ಅನುಭವ

ಇಂಗ್ಲಿಷ್ ಪದಬಂಧ ಬಿಡಿಸುವವರಿಗೆ ಈ ಎರಡು ಗುಂಪಿನ ಕಾಟ ಗೊತ್ತೇ ಇರುತ್ತದೆ. ಹಳೇ ಹಡಗಿನ ಭಾಗಗಳದ್ದು ಒಂದು, ಭವಿಷ್ಯ ಹೇಳುವ ಪದಗಳದ್ದು ಇನ್ನೊಂದು. ಒಂದು ಮೂಲೆ ಖಾಲಿ ಉಳಿದಿದೆ ಅಂದರೆ ಅಲ್ಲಿ ಕೂತಿರುವುದು ಇವರಲ್ಲೇ ಒಬ್ಬರು. ನೆನಪಿಟ್ಟುಕೊಳ್ಳಲು ನಾನು ಎರಡು ಪಟ್ಟಿಯನ್ನೂ ಮನಸ್ಸಿನಲ್ಲೇ ಕಟ್ಟಿದ ಒಂದೇ ಹಡಗಿಗೆ ತುಂಬಿದೆ. ‘ಕಲಸುಮೇಲೋಗರ ಆಗುತ್ತೆ, ಇದ್ದದ್ದೂ ಮರೆತುಹೋಗುತ್ತೆ’ ಅಂದರು ಜೊತೆಯವರು. ಆಗಲಿಲ್ಲ. ಅದಕ್ಕೇ ಬರೆಯುತ್ತಿದ್ದೇನೆ.

ಅದಕ್ಕೂ ಮುಂಚೆ ಸುರಿದ ದುಡ್ಡಿನ ಕಥೆ ಹೇಳಿಬಿಡುತ್ತೇನೆ. ಮೊದಲು ಕಾರ್ಡು ಮಾಡಿದೆ, ಹತ್ತಿರ ಹತ್ತಿರ ನಾನೂರು. ಬಿಲ್ಜ್ (ಹಡಗಿನ ತಳಭಾಗ) ಆದಮೇಲೆ ಕೀಲ್‌ಸನ್ (ತಳದ ಉದ್ದ ತೊಲೆ) ಅಂತ ಬಾಯಿಗೆ ಬರುತ್ತಿತ್ತು. ಕಾರ್ಡು ಕಲೆಸಿದರೆ ಎರಡೂ ಮಾಯ! ನೆನಪಿದ್ದದ್ದು ಕಾರ್ಡಿನ ಸಾಲು, ಪದ ಅಲ್ಲ. ಆಮೇಲೆ ಒಂದು ಆ್ಯಪಿಗೆ ಇಡೀ ವರ್ಷದ ಚಂದಾ ಕಟ್ಟಿ ಹನ್ನೊಂದು ದಿನ ಬಳಸಿದೆ. ಆಮೇಲೆ ದಪ್ಪನೆಯ ನೌಕಾ ನಿಘಂಟು. ತಿಂಗಳ ಸಂಬಳದಲ್ಲಿ ಐದನೇ ಒಂದು ಭಾಗ ಅದಕ್ಕೇ ಹೋಯಿತು. ಚಿತ್ರ ಚೆನ್ನಾಗಿದ್ದವು, ಅಷ್ಟೇ. ಕೊನೆಗೆ ನೆನಪಿನ ಶಕ್ತಿಯ ತರಗತಿಯೊಂದಕ್ಕೆ ಸೇರಿದೆ. ನಮಗೆಲ್ಲ ಗೊತ್ತಿರುವುದನ್ನೇ ಎಂಟು ವಾರ ಹೇಳಿದರು. ಅರ್ಧಕ್ಕೆ ಬಿಟ್ಟೆ, ದುಡ್ಡು ವಾಪಸ್ ಬರಲಿಲ್ಲ.

ದಾರಿ ತೋರಿಸಿದ್ದು ಕೋಳಿಗಳು. ಕ್ರಿಸ್ತಪೂರ್ವ 249ರಲ್ಲಿ ಸಿಸಿಲಿಯ ಡ್ರೆಪಾನಾ ಹತ್ತಿರ ಕಡಲ ಯುದ್ಧ. ರೋಮನ್ ಹಡಗಿನಲ್ಲಿ ಶಕುನ ನೋಡಲು ಪವಿತ್ರ ಕೋಳಿಗಳಿದ್ದವು. ಅವು ಕಾಳು ಮುಟ್ಟಲಿಲ್ಲ, ಅಂದರೆ ಅಪಶಕುನ. ‘ತಿನ್ನದಿದ್ದರೆ ಕುಡಿಯಲಿ’ ಅಂತ ಸೇನಾಪತಿ ಕ್ಲಾಡಿಯಸ್ ಪುಲ್ಕರ್ ಅವನ್ನು ಸಮುದ್ರಕ್ಕೆ ಎಸೆಸಿದ ಅಂತ ಕಥೆ. ರೋಮನ್ನರು ಸೋತರು, ಕೈತಪ್ಪಿದ ಹಡಗು 93. ಓದಿದವನು ಎದ್ದು ಕೂತೆ. ಹಡಗು, ಭವಿಷ್ಯ ಎರಡೂ ಒಂದೇ ಅಟ್ಟದ ಮೇಲೆ ಇವೆಯಲ್ಲ! ಶಕುನಕ್ಕೆ ಇಂಗ್ಲಿಷಿನ ‘ಆಸ್ಪಿಸ್’ ಅನ್ನುವ ಪದದೊಳಗೇ ಲ್ಯಾಟಿನ್ನಿನ ಹಕ್ಕಿ ಇದೆ, ಹಕ್ಕಿ ನೋಡುವುದು ಅಂತ ಅರ್ಥ. ನಮ್ಮ ‘ಶಕುನ’ಕ್ಕೂ ಸಂಸ್ಕೃತದಲ್ಲಿ ಹಕ್ಕಿ ಅನ್ನುವ ಅರ್ಥ ಇದೆ, ಅಲ್ವಾ?

ಸರಿ, ಮೂತಿಯಿಂದ ಹಿಂಬದಿವರೆಗೆ ನಡೆಯುತ್ತಾ ಒಂದೊಂದು ಜಾಗಕ್ಕೆ ಒಬ್ಬೊಬ್ಬ ಕಣಿ ಹೇಳುವವನನ್ನು ಕೂರಿಸಿದೆ. ಮುಂದೆ ಫೋರ್‌ಕಾಸಲ್ ಅನ್ನುವ ಮುಂಬದಿಯ ಅಟ್ಟ, ನಾವಿಕರ ಬಾಯಲ್ಲಿ ಫೋಕ್‌ಸಲ್. ಅಲ್ಲಿ ಫಿಟ್ಜ್‌ರಾಯ್. ಬೀಗಲ್ ಹಡಗಿನ ಕ್ಯಾಪ್ಟನ್ ಆಗಿದ್ದವನು, 1861ರಲ್ಲಿ ಪತ್ರಿಕೆಗೆ ಹವಾಮಾನ ಬರೆಯತೊಡಗಿದ. ಇದು ಪ್ರಾಫೆಸಿ ಅಲ್ಲ, ಪ್ರಿಡಿಕ್ಷನ್ ಅಲ್ಲ, ‘ಫೋರ್‌ಕಾಸ್ಟ್’ ಅಂತ ಪಟ್ಟು ಹಿಡಿದವನು. ಮೂರು ಪದ ಒಂದೇ ಏಟಿಗೆ. ದಿಕ್ಸೂಚಿ ಇಡುವ ಬಿನಕಲ್‌ನ ಮೂಲ ಲ್ಯಾಟಿನ್ನಿನ ‘ಪುಟ್ಟ ಮನೆ’. ಆ ಮನೆಯಲ್ಲಿ ಹೋರೋಸ್ಕೋಪ್‌ನವನು, ಗಳಿಗೆ ಕಾಯುತ್ತಾ ಕೂತಿದ್ದಾನೆ. ಹಿಂಬದಿಯ ಕಟಕಟೆ ಟ್ಯಾಫ್‌ರೇಲ್. ಡಚ್ಚರಿಗೆ ಅದು ಚಿತ್ರದ ಹಲಗೆ. ಹಾಗಾಗಿ ಅಲ್ಲಿ ಟ್ಯಾರೋ ಎಲೆ ಹರಡಿದವಳು, ಎಲೆ ನೋಡಿ ಭವಿಷ್ಯ ಹೇಳುವ ಕಾರ್ಟೋಮ್ಯಾನ್ಸಿ. ಪೂಪ್ ಅನ್ನುವ ಹಿಂಬದಿಯ ಎತ್ತರದ ಅಟ್ಟದ ಮೇಲೆ, ಬಲಿಪ್ರಾಣಿಯ ಕರುಳು, ಪಿತ್ತಕೋಶ ಓದುವ ಹರುಸ್ಪೆಕ್ಸ್. ಯಾಕೆ ಅಲ್ಲೇ ಅಂತ ಕೇಳಬೇಡಿ, ಮಕ್ಕಳಿಗೂ ಗೊತ್ತಾಗುತ್ತದೆ. ಎಲ್ಲಕ್ಕಿಂತ ಕೆಳಗಿನ ಆರ್ಲಾಪ್ ಅಟ್ಟದಲ್ಲಿ ಯಾರಿದ್ದಾರೆ ಅಂತ ಮಾತ್ರ ಹೇಳುವುದಿಲ್ಲ. ಪದಬಂಧ ಸ್ಪರ್ಧೆಯಲ್ಲಿ ನನಗೆ ಜಾಸ್ತಿ ಅಂಕ ತಂದುಕೊಟ್ಟದ್ದು ಅವನೇ.

ಕೈಕೊಟ್ಟದ್ದು ಎಡ-ಬಲದಲ್ಲಿ. ಎಡಗಡೆಗೆ ಆಗರ್‌ನನ್ನು, ಅಂದರೆ ಹಕ್ಕಿ ಶಕುನ ನೋಡುವ ರೋಮನ್ ಪುರೋಹಿತನನ್ನು ಕೂರಿಸಿ ‘ಸಿನಿಸ್ಟರ್’ (ಲ್ಯಾಟಿನ್ನಿನಲ್ಲಿ ಎಡ, ಇಂಗ್ಲಿಷಿನಲ್ಲಿ ಕೆಡುಕಿನ) ಜೊತೆ ಗಂಟು ಹಾಕಿದ್ದೆ. ನೋಡಿದರೆ ಗ್ರೀಕರಿಗೆ ಎಡ ಕೆಟ್ಟದ್ದು, ರೋಮನ್ ಆಗರ್‌ಗಳಿಗೆ ಒಳ್ಳೆಯದು! ಎರಡು ತಿಂಗಳು ಅದಲು ಬದಲು. ಲಾರ್‌ಬೋರ್ಡ್ (ಎಡ), ಸ್ಟಾರ್‌ಬೋರ್ಡ್ (ಬಲ) ಕೂಗಿದರೆ ಒಂದೇ ಥರ ಕೇಳುತ್ತದೆ ಅಂತ ಬ್ರಿಟಿಷ್ ನೌಕಾಪಡೆಯೇ 1844ರಲ್ಲಿ ಮೊದಲನೆಯದನ್ನು ಕೈಬಿಟ್ಟು ‘ಪೋರ್ಟ್’ ಮಾಡಿಕೊಂಡಿತು. ಸದ್ಯ, ಒದ್ದಾಡಿದವನು ನಾನೊಬ್ಬನೇ ಅಲ್ಲ. ಸ್ಟಾರ್‌ಬೋರ್ಡ್‌ಗೂ ನಕ್ಷತ್ರಕ್ಕೂ ಸಂಬಂಧ ಇಲ್ಲ, ಅದು ಚುಕ್ಕಾಣಿ ಹುಟ್ಟು ಇರುತ್ತಿದ್ದ ಕಡೆ. ಇದು ತಿಳಿಯದೆ ಜ್ಯೋತಿಷಿಯನ್ನು ಬಲಕ್ಕೆ ಹಾಕಿ ಇನ್ನೊಂದು ವಾರ ಕೆಡಿಸಿದೆ.

ನಡುವೆ ಒಂದು ಹುಚ್ಚಾಟ. ‘ಮ್ಯಾನ್ಸಿ’ ಅಂತ ಮುಗಿಯುವ, ಭವಿಷ್ಯ ಹೇಳುವ ವಿಧಾನಗಳ ಪದಗಳನ್ನು ಮಾಡಿಯೇ ಕಲಿಯೋಣ ಅಂತ ಗೈರೋಮ್ಯಾನ್ಸಿ ಹಿಡಿದೆ. ಅಕ್ಷರಗಳ ಚಕ್ರದಲ್ಲಿ ತಲೆ ಸುತ್ತುವವರೆಗೂ ಸುತ್ತಬೇಕು, ಬಿದ್ದ ಅಕ್ಷರವೇ ಉತ್ತರ. ಬಿದ್ದದ್ದು ಕುರ್ಚಿಯ ಕಾಲಿನ ಮೇಲೆ. ಮೊಣಕಾಲು ಊದಿತು. ಆದರೆ ಆ ಪದ ಇನ್ನು ಸಾಯುವವರೆಗೂ ಮರೆಯುವುದಿಲ್ಲ.

ಈಗ ಲೆಕ್ಕ. ಸುಮಾರು ಎಪ್ಪತ್ತು ಪದ, ದಿನಕ್ಕೆ ಹತ್ತು ನಿಮಿಷದ ನಡಿಗೆ, ತಪ್ಪು ಹಾದಿಯೂ ಸೇರಿ ನಾಲ್ಕು ತಿಂಗಳು ಹಿಡಿದಿರಬೇಕು. ಖರ್ಚು ಒಂದು ನೋಟ್‌ಬುಕ್ಕು. ಮೊದಲು ಇಂಥ ಹತ್ತು ಸುಳಿವಿಗೆ ಮೂರು ಬರುತ್ತಿದ್ದವು, ಈಗ ಎಂಟು. ಹೋದ ಸಲ ಎಂಟಕ್ಷರ, ಕೊನೆಗೆ ಎಕ್ಸ್ ಮಾತ್ರ ಸಿಕ್ಕಿತ್ತು. ಪೆನ್ನು ಎತ್ತದೆ ಹರುಸ್ಪೆಕ್ಸ್ ಬರೆದೆ. ಕಲಸುಮೇಲೋಗರ ಅಂದಿದ್ದವರು ಪಕ್ಕದಲ್ಲೇ ಕೂತಿದ್ದರು.

‘ಫಟಕ್’, ಅಂದರೆ ಹಡಗಿನ ಪಕ್ಕೆಯ ಬಾಗಿದ ಮರದ ತುಂಡು, ಮಾತ್ರ ಇನ್ನೂ ಹಿಡಿತಕ್ಕೆ ಬಂದಿಲ್ಲ. ಹೊಗೆ ನೋಡಿ ಹೇಳುವ ಕ್ಯಾಪ್ನೋಮ್ಯಾನ್ಸಿಯವನನ್ನು ಎರಡು ಸಲ ಅಲ್ಲಿಗೆ ಕಳಿಸಿದೆ. ಎರಡು ಸಲವೂ ಹಡಗಿನಲ್ಲೇ ಕಳೆದುಹೋದ.